ಸಿನಿಮಾ ನೋಡಲು ಯಾರ ಜೊತೆ ಬೇಕು?

ಪತ್ರಿಕೆಯ ವಿಮರ್ಶೆ ಓದಿ ಚಿತ್ರಮಂದಿರಕ್ಕೆ ಹೋಗುತ್ತಿದ್ದ ನಾನು ಈಗ ಮೂರು ಕಡೆ ಕಣ್ಣು ಹಾಯಿಸುತ್ತೇನೆ: ಯೂಟ್ಯೂಬಿನ ಮೊದಲ ದಿನದ ವಿಮರ್ಶೆ, ಸಿನಿಪ್ರಿಯರ ಜಾಲತಾಣ ಲೆಟರ್‌ಬಾಕ್ಸ್‌ಡ್ ಮತ್ತು ಚಿತ್ರದ ತುಣುಕುಗಳನ್ನೇ ತೋರಿಸುತ್ತ ದೃಶ್ಯವನ್ನು ಬಿಡಿಸಿ ಹೇಳುವ ವಿಡಿಯೊ ಪ್ರಬಂಧ. ಮೂರರಲ್ಲಿ ಒಂದನ್ನೇ ಉಳಿಸಿಕೊಳ್ಳಿ ಎಂದರೆ ಕೊನೆಯದನ್ನು ಉಳಿಸಿಕೊಳ್ಳುತ್ತೇನೆ.

ಮೊದಲ ದಿನದ ವಿಮರ್ಶೆಯ ಉಪಯೋಗ ಟಿಕೆಟ್ ಕೌಂಟರಿನವರೆಗೆ ಮಾತ್ರ. ಮೊದಲಾರ್ಧ ಎಳೆದಿದ್ದಾರೆ, ಕ್ಲೈಮ್ಯಾಕ್ಸ್ ಚೆನ್ನಾಗಿದೆ ಎಂಬಲ್ಲಿಗೆ ಮಾತು ಮುಗಿಯುತ್ತದೆ. ಆದರೂ ಅದಕ್ಕೆ ಎಷ್ಟು ಬಲವಿದೆ ಎಂದರೆ, 2024ರ ನವೆಂಬರಿನಲ್ಲಿ ತಮಿಳು ನಿರ್ಮಾಪಕರ ಸಂಘಟನೆಯೊಂದು ಯೂಟ್ಯೂಬರ್‌ಗಳನ್ನು ಚಿತ್ರಮಂದಿರದ ಆವರಣದೊಳಗೆ ಬಿಡಬೇಡಿ ಎಂದು ಕೇಳಿಕೊಂಡಿತು. ಅದನ್ನು ನಾನು ಒಪ್ಪುವುದಿಲ್ಲ. ದುಡ್ಡು ಕೊಟ್ಟು ನೋಡಿದವರಿಗೆ ಅನಿಸಿದ್ದನ್ನು ಹೇಳುವ ಹಕ್ಕಿದೆ.

ನ್ಯೂಜಿಲೆಂಡಿನಲ್ಲಿ ಹುಟ್ಟಿದ ಲೆಟರ್‌ಬಾಕ್ಸ್‌ಡ್‌ನಲ್ಲಿ ನೋಡಿದ ಚಿತ್ರಗಳ ದಿನಚರಿ ಬರೆಯಬಹುದು, ಅರ್ಧ ನಕ್ಷತ್ರದಿಂದ ಐದರವರೆಗೆ ಅಂಕ ಕೊಡಬಹುದು. ಯಾರೋ ಅಭಿಮಾನಿ ಜೋಡಿಸಿಟ್ಟ ಪಟ್ಟಿಗಳೇ ಅಲ್ಲಿನ ನಿಜವಾದ ಸಂಪತ್ತು. ಜಾಹೀರಾತು ಎಂದೂ ತೋರಿಸದ ಹಳೆಯ ಚಿತ್ರಗಳು ಅಲ್ಲಿ ಸಿಗುತ್ತವೆ. ಆದರೆ ನಕ್ಷತ್ರ ಕೊಡುವ ಅಭ್ಯಾಸ ಅಂಟಿದ ಮೇಲೆ, ಚಿತ್ರ ಇನ್ನೂ ನಡೆಯುತ್ತಿರುವಾಗಲೇ ಮನಸ್ಸು ಅಂಕ ಹಾಕತೊಡಗುತ್ತದೆ. ಇದು ನನಗೆ ಇಷ್ಟವಿಲ್ಲ.

ವಿಡಿಯೊ ಪ್ರಬಂಧದ ಮಾತೇ ಬೇರೆ. ಟೋನಿ ಜೋ ಮತ್ತು ಟೇಲರ್ ರಾಮೋಸ್ 2014ರಲ್ಲಿ ಆರಂಭಿಸಿದ ‘ಎವ್ರಿ ಫ್ರೇಮ್ ಎ ಪೇಂಟಿಂಗ್’ ಚಾನೆಲ್‌ನಲ್ಲಿ ಜಾಕಿ ಚಾನ್ ಕುರಿತ ಪ್ರಬಂಧವೊಂದಿದೆ. ಹಾಂಗ್‌ಕಾಂಗ್‌ನಲ್ಲಿ ತೆಗೆದ ಅವನ ಹೊಡೆದಾಟಗಳಲ್ಲಿ ಏಟೂ ಏಟು ತಿಂದವನ ಪಾಡೂ ಒಂದೇ ಚೌಕಟ್ಟಿನಲ್ಲಿ ಕಾಣುತ್ತವೆ. ಶಾಟ್ ಬದಲಾಗುವಾಗ ಏಟಿನ ಕ್ಷಣವನ್ನು ಕೆಲವು ಫ್ರೇಮ್‌ಗಳಷ್ಟು ಮತ್ತೊಮ್ಮೆ ತೋರಿಸುತ್ತಾರೆ. ನಮ್ಮ ಕಣ್ಣು ಎರಡನ್ನೂ ಸೇರಿಸಿ ಒಂದೇ ಬಲವಾದ ಏಟಾಗಿ ಗ್ರಹಿಸುತ್ತದೆ. ಇದನ್ನು ತಿಳಿದ ಮೇಲೆ ನಾನು ಯಾವ ಭಾಷೆಯ ಹೊಡೆದಾಟವನ್ನೂ ಮೊದಲಿನಂತೆ ನೋಡಿಲ್ಲ. ಕ್ಯಾಮೆರಾ ಎಲ್ಲಿದೆ, ಎಲ್ಲಿ ಕತ್ತರಿಸಿದರು, ಏನನ್ನು ಮರೆಮಾಚಿದರು ಎಂದು ಕಣ್ಣು ತಾನಾಗಿ ಹುಡುಕುತ್ತದೆ. ಕಥೆ ಚೆನ್ನಾಗಿದೆಯೇ ಎಂದು ಹೇಳುವವರು ನೂರು ಜನ ಸಿಗುತ್ತಾರೆ, ಹೀಗೆ ದೃಶ್ಯವನ್ನು ಬಿಚ್ಚಿ ತೋರಿಸುವವರು ಅಪರೂಪ.

ಇದಕ್ಕೆ ತೊಡಕೂ ಇದೆ. ಚಿತ್ರದ ತುಣುಕು ಬಳಸಿದೊಡನೆ ಯೂಟ್ಯೂಬಿನ ಸ್ವಯಂಚಾಲಿತ ಹಕ್ಕುಸ್ವಾಮ್ಯ ವ್ಯವಸ್ಥೆ ಅದನ್ನು ಗುರುತಿಸಿ ತಡೆಯಬಹುದು, ಹಾಡಿನ ತುಣುಕಾದರೆ ಇನ್ನೂ ಕಷ್ಟ. ಕನ್ನಡದ ನಿರ್ಮಾಪಕರು ಮತ್ತು ಆಡಿಯೊ ಕಂಪನಿಗಳು ಅಧ್ಯಯನಕ್ಕೆ ಬಳಸುವ ಚಿಕ್ಕ ತುಣುಕುಗಳಿಗಾದರೂ ಅಡ್ಡಿಪಡಿಸಬಾರದು. 1972ರ ‘ನಾಗರಹಾವು’ ಚಿತ್ರದ ‘ಬಾರೇ ಬಾರೇ’ ಹಾಡನ್ನು ಪುಟ್ಟಣ್ಣ ಕಣಗಾಲರು ನಿಧಾನಚಲನೆಯಲ್ಲಿ ಚಿತ್ರಿಸಿದರು ಎಂಬುದನ್ನು ನಾವೆಲ್ಲ ಹೆಮ್ಮೆಯಿಂದ ಹೇಳುತ್ತೇವೆ. ಆ ವೇಗಕ್ಕೆ ಹಾಡಿನ ಲಯ ಹೇಗೆ ಹೊಂದಿತು ಎಂಬುದನ್ನು ಶಾಟ್ ಶಾಟ್ ಆಗಿ ಬಿಡಿಸಿ ಕನ್ನಡದಲ್ಲಿ ಹೇಳುವವರಿದ್ದರೆ, ನಾನು ಆ ಚಾನೆಲ್‌ಗೆ ಇವತ್ತೇ ಚಂದಾದಾರನಾಗುತ್ತೇನೆ.