ಸಾಗುವಳಿ ಚೀಟಿ ಇದೆಯಲ್ಲ ಅಂತ ಅರಣ್ಯದವರ ನೋಟಿಸ್ ಪಕ್ಕಕ್ಕಿಡ್ಬೇಡಿ

ನಮ್ಮ ಎರಡು ಎಕರೆ ಹೋಯ್ತು. ಮನೆ ಒಂದು ಉಳೀತು, ಅದೂ ಬೇರೆ ಸರ್ವೆ ನಂಬರಲ್ಲಿ ಇತ್ತು ಅನ್ನೋ ಕಾರಣಕ್ಕೆ ಅಷ್ಟೇ. ಮಲೆನಾಡು ಕಡೆ ಬಗರ್‌ಹುಕುಂ ಜಮೀನು (ಮಂಜೂರಾಗದೆ ಉಳುಮೆ ಮಾಡ್ತಿರೋ ಸರ್ಕಾರಿ ಜಮೀನು) ಇರೋರು, ಅದನ್ನ ಸಕ್ರಮ ಮಾಡಿಕೊಡಿ ಅಂತ ಫಾರಂ 57 ಅರ್ಜಿ ಹಾಕ್ಕೊಂಡು ಕಾಯ್ತಾ ಇರೋರು ದಯವಿಟ್ಟು ಇದನ್ನ ಪೂರ್ತಿ ಓದಿ, ನಾವು ಎಡವಿದ ಜಾಗದಲ್ಲೇ ಇನ್ನೂ ತುಂಬಾ ಜನ ಎಡವ್ತಿರೋದನ್ನ ಕಣ್ಣಾರೆ ನೋಡ್ತಿದೀನಿ.

ಅಪ್ಪ 1991ರಲ್ಲಿ ಅಂಥದ್ದೇ ಹಳೇ ಅರ್ಜಿ, ಫಾರಂ 50 ಹಾಕಿದ್ರು. ಕೆಲವು ವರ್ಷ ಬಿಟ್ಟು ಕಮಿಟಿಲಿ ಮಂಜೂರಾಯ್ತು, ಮಂಜೂರಾತಿ ಪತ್ರ ಅಂದ್ರೆ ಸಾಗುವಳಿ ಚೀಟಿ ಕೈಗೆ ಬಂತು, ಪಹಣಿಲಿ ಮಾಲೀಕರ ಹೆಸರು ಬರೆಯೋ 9ನೇ ಕಾಲಂನಲ್ಲಿ ಅಪ್ಪನ ಹೆಸರು ಬಂತು, ವರ್ಷಾ ವರ್ಷ ಕಂದಾಯ ಕಟ್ಟಿದ್ವಿ, ಸೊಸೈಟಿಲಿ ಬೆಳೆಸಾಲನೂ ಕೊಟ್ರು. ಇಷ್ಟೆಲ್ಲಾ ಆದ್ಮೇಲೆ ಜಮೀನು ನಮ್ದು ಅಲ್ದೇ ಇರಬಹುದು ಅಂತ ಯಾರಿಗೆ ಅನ್ಸುತ್ತೆ ಹೇಳಿ. ಅಡಿಕೆ ಸಸಿ ನೆಟ್ಟು, ದೂರದಿಂದ ನೀರು ಹೊತ್ತು ಬೆಳೆಸಿದ್ವಿ.

ಆಮೇಲೆ ಒಂದಿನ ನೋಟಿಸ್ ಬಂತು. ಕರ್ನಾಟಕ ಅರಣ್ಯ ಕಾಯ್ದೆ 1963, ಕಲಂ 64ಎ, ಮೀಸಲು ಅರಣ್ಯ ಒತ್ತುವರಿ ಮಾಡಿದೀರಿ, ಇಂಥ ದಿನ ವಿಚಾರಣೆಗೆ ದಾಖಲೆ ತಗೊಂಡು ಬನ್ನಿ ಅಂತ. ನಾನು ಅದನ್ನ ಹಿಡ್ಕೊಂಡು ಸೀದಾ ಕಂದಾಯದವರ ಹತ್ರ ಹೋದೆ. ಅಲ್ಲಿದ್ದವರು ಕಂಪ್ಯೂಟರಲ್ಲಿ ಪಹಣಿ ತೆಗೆದು ನೋಡಿ, ನಿಮ್ಮಪ್ಪನ ಹೆಸ್ರೇ ಇದೆಯಲ್ಲ, ಮಂಜೂರು ಮಾಡಿದ್ದು ಸರ್ಕಾರನೇ ತಾನೇ, ಅದು ಅರಣ್ಯದವರಿಗೂ ನಮಗೂ ಇರೋ ತಕರಾರು, ನೀವು ತಲೆ ಕೆಡಿಸ್ಕೋಬೇಡಿ ಅಂದ್ರು. ನಂಬಿದೆ. ವಿಚಾರಣೆಗೆ ಹೋಗ್ಲಿಲ್ಲ, ಒಂದು ಸಾಲು ಉತ್ತರನೂ ಬರೆದು ಕೊಡ್ಲಿಲ್ಲ. ಇದೇ ನನ್ನ ದೊಡ್ಡ ತಪ್ಪು, ಇವತ್ತಿಗೂ ನೆನೆಸ್ಕೊಂಡ್ರೆ ರಾತ್ರಿ ನಿದ್ದೆ ಬರಲ್ಲ. ನಮ್ಮ ಗೈರುಹಾಜರಿಲೇ ತೆರವು ಆದೇಶ ಆಯ್ತು, ಅಪೀಲಿನ ಅವಧಿನೂ ನಮಗೆ ಗೊತ್ತಿಲ್ದಂಗೆ ಮುಗ್ದುಹೋಯ್ತು. ಒಂದು ಬೆಳಿಗ್ಗೆ ಪೊಲೀಸ್ ಜೊತೆ ಬಂದು ಫಲಕ್ಕೆ ಬಂದಿದ್ದ ಮರಗಳನ್ನ ಕಡಿದು ಹಾಕಿದ್ರು, ಅಪ್ಪ ಸಾಗುವಳಿ ಚೀಟಿ ಕೈಲಿ ಹಿಡ್ಕೊಂಡು ಬೇಲಿ ಹತ್ರ ನಿಂತಿದ್ರು, ಅದನ್ನ ಕೈಗೆ ತಗೊಂಡು ನೋಡಿದವರೂ ಇಲ್ಲ. ಎಲ್ಲಾ ಮುಗಿದ ಮೇಲೆ ವಕೀಲರ ಹತ್ರ ಓಡಿದ್ವಿ.

ವಕೀಲರು ಹೇಳಿದ ಮೇಲೇ ಒಂದೊಂದಾಗಿ ಅರ್ಥ ಆಗಿದ್ದು. ಕಾಡು ಮೀಸಲು ಮಾಡೋಕೆ ಮೊದ್ಲು ಅದೇ 1963ರ ಕಾಯ್ದೆಯ ಕಲಂ 4ರ ಅಧಿಸೂಚನೆ ಆಗುತ್ತೆ, ಜನರ ಹಕ್ಕು ಕೇಳಿ ಇತ್ಯರ್ಥ ಮಾಡಿ ಆಮೇಲೆ ಕಲಂ 17ರದ್ದು. ನಮ್ಮ ಸರ್ವೆ ನಂಬರಿಂದ ಒಂದು ಭಾಗ ಹಂಗೆ ಎಷ್ಟೋ ವರ್ಷದ ಹಿಂದೆನೇ ಸೇರಿತ್ತಂತೆ, ಆದ್ರೆ ಅದು ಪಹಣಿಗೆ ಏರಿರ್ಲೇ ಇಲ್ಲ, ಅದಕ್ಕೇ ಕಂದಾಯದ ಪುಸ್ತಕದಲ್ಲಿ ಬರೀ ಸರ್ಕಾರಿ ಅಂತ ಇತ್ತು, ಆ ಪುಸ್ತಕ ನೋಡ್ಕೊಂಡೇ ನಮಗೆ ಮಂಜೂರು ಮಾಡಿದ್ದು. 1980ರ ಅರಣ್ಯ ಸಂರಕ್ಷಣಾ ಕಾಯ್ದೆ ಬಂದ್ಮೇಲೆ ಕೇಂದ್ರದ ಅನುಮತಿ ಇಲ್ದೆ ಕಾಡಿನ ಜಮೀನನ್ನ ಹಿಂಗೆ ಮಂಜೂರು ಮಾಡೋ ಹಂಗಿಲ್ಲ. 1996ರ ಡಿಸೆಂಬರ್ 12ಕ್ಕೆ ಸುಪ್ರೀಂ ಕೋರ್ಟ್ ಇನ್ನೂ ಮುಂದೆ ಹೋಗಿ, ದಾಖಲೆಲಿ ಕಾಡು ಅಂತ ಇದ್ರೆ ಮಾಲೀಕರು ಯಾರೇ ಆಗಿರ್ಲಿ ಆ ಕಾಯ್ದೆ ಅನ್ವಯ ಅಂತ ಹೇಳ್ತು. ಒಂದು ಇಲಾಖೆ ಕೊಟ್ಟಿದ್ದನ್ನ ಇನ್ನೊಂದು ಇಲಾಖೆ ಕಿತ್ಕೊಂಡ್ರೆ ಮಧ್ಯದಲ್ಲಿ ಇರೋ ರೈತನ ಗತಿ ಏನು, ಇದು ಅನ್ಯಾಯನೇ, ಆದ್ರೆ ಪಹಣಿ ತೋರಿಸಿದ್ರೆ ಸಾಕು ಅನ್ನೋ ಧೈರ್ಯದಲ್ಲಿ ಕೂರ್ಬೇಡಿ.

ಇನ್ನೂ ಹೊಟ್ಟೆ ಉರಿಯೋ ವಿಷಯ ಅಂದ್ರೆ ನಮ್ಮ ಎರಡು ಎಕರೆ ನಿಜವಾಗ್ಲೂ ಕಾಡಿನ ಭಾಗದಲ್ಲಿತ್ತಾ ಅಂತ ಇವತ್ತಿಗೂ ಯಾರಿಗೂ ಗೊತ್ತಿಲ್ಲ. ನೂರಾರು ಎಕರೆಯ ಒಂದೇ ಸರ್ವೆ ನಂಬರು, ನಮ್ದು ಅದರಲ್ಲಿ 'ಪೈಕಿ', ಅಂದ್ರೆ ಅದರೊಳಗಿನ ಒಂದು ತುಂಡು, ಅದನ್ನ ಅಳೆದು ಬೇರೆ ನಂಬರು ಕೊಡೋ ಪೋಡಿ ದುರಸ್ತಿ ಆಗೇ ಇಲ್ಲ, ನಕ್ಷೆಲಿ ಗೆರೆನೇ ಇಲ್ಲ. ಪಹಣಿಲಿ ಪೈಕಿ ಅಂತ ಇರೋರು ಇವತ್ತೇ ಪೋಡಿಗೆ ಅರ್ಜಿ ಹಾಕಿ. ನೋಟಿಸ್ ಬಂದಿದ್ರೆ ವಿಚಾರಣೆ ದಿನಕ್ಕಿಂತ ಮುಂಚೆನೇ ಕಂದಾಯ, ಅರಣ್ಯ, ಸರ್ವೆಯವರು ಮೂರೂ ಜನ ಸೇರಿ ಜಂಟಿ ಸರ್ವೆ ಮಾಡ್ಬೇಕು ಅಂತ ಬರವಣಿಗೆಲಿ ಕೇಳಿ, ಸ್ವೀಕೃತಿ ಸೀಲ್ ಹಾಕಿಸ್ಕೊಳ್ದೆ ಆಫೀಸಿಂದ ಹೊರಗೆ ಬರ್ಬೇಡಿ. ಕಲಂ 4 ಮತ್ತು 17ರ ಅಧಿಸೂಚನೆ ಪ್ರತಿ ಮಾಹಿತಿ ಹಕ್ಕಲ್ಲಿ ತೆಗೆಸಿ, ಅದರ ಚಕ್ಕುಬಂದಿ (ನಾಲ್ಕೂ ಕಡೆ ಗಡಿಯ ವಿವರ) ಓದಿ, ಬರೀ ಸರ್ವೆ ನಂಬರ್ ಮ್ಯಾಚ್ ಆಯ್ತು ಅಂತ ಒಪ್ಕೊಂಡ್ಬಿಡ್ಬೇಡಿ.

ಅರಣ್ಯ ಹಕ್ಕು ಕಾಯ್ದೆ 2006ರಲ್ಲಿ ಅರ್ಜಿ ಹಾಕಿದ್ದು ಇನ್ನೂ ತೀರ್ಮಾನ ಆಗಿಲ್ಲ ಅಂದ್ರೆ ಅದನ್ನೂ ಉತ್ತರದಲ್ಲಿ ಬರೀಲೇಬೇಕು, ಕಲಂ 4(5)ರ ಪ್ರಕಾರ ಪರಿಶೀಲನೆ ಮುಗಿಯೋ ತನಕ ಎಬ್ಬಿಸೋ ಹಂಗಿಲ್ಲ. ಪರಿಶಿಷ್ಟ ಪಂಗಡದವರಿಗೆ 2005ರ ಡಿಸೆಂಬರ್ 13ಕ್ಕಿಂತ ಮುಂಚಿಂದ ಇದ್ದಿದ್ರೆ ಸಾಕು, ಉಳಿದವರು ಆ ದಿನಕ್ಕೆ ಮೂರು ತಲೆಮಾರು, ಅಂದ್ರೆ 75 ವರ್ಷ ಅಲ್ಲೇ ಇದ್ದಿದ್ದನ್ನ ತೋರಿಸ್ಬೇಕು, ನಮಗೆ ಅದು ಆಗ್ಲಿಲ್ಲ.

ಈಗ ತಡವಾಗಿ ಅಪೀಲು ಹಾಕಿದೀವಿ, ತಡ ಯಾಕಾಯ್ತು ಅನ್ನೋದಕ್ಕೇ ಮೊದ್ಲು ಉತ್ತರ ಕೊಡ್ಬೇಕು. ಕಂದಾಯದಲ್ಲಿ ನನಗೆ ಧೈರ್ಯ ಹೇಳಿದವರಿಗೆ ವರ್ಗ ಆಗಿದೆ, ಅವರು ಹೇಳಿದ್ದು ಯಾವ ಕಾಗದದಲ್ಲೂ ಇಲ್ಲ. ಮನೇಲಿ ಹಳೇ ನೋಟಿಸ್ ಇಟ್ಕೊಂಡಿರೋರು ಅದರಲ್ಲಿ ವಿಚಾರಣೆ ತಾರೀಖು ಯಾವ್ದಿದೆ ಅಂತ ಈಗ್ಲೇ ತೆಗೆದು ನೋಡಿ.