1971ರ ನೆಬ್ರಾಸ್ಕಾ ಜೆರ್ಸಿ, 35 ನಂಬರ್: ಬಟ್ಟೆ ಓಕೆ, ಬಣ್ಣನೇ ತಪ್ಪು

5ಕ್ಕೆ 2 ಸ್ಟಾರ್. ಆ ಎರಡೂ ಬಟ್ಟೆಗೆ ಮಾತ್ರ.

ಮೊದ್ಲೇ ಹೇಳ್ಬಿಡ್ತೀನಿ, ಇಲ್ಲಿ ಫುಟ್‌ಬಾಲ್ ಅಂದ್ರೆ ಅಮೆರಿಕದವರು ಮೊಟ್ಟೆ ಆಕಾರದ ಚೆಂಡನ್ನ ಕಂಕುಳಲ್ಲಿ ಇಟ್ಕೊಂಡು ಓಡ್ತಾರಲ್ಲ ಅದು. ನಾನು ನೆಬ್ರಾಸ್ಕಾ ರಾಜ್ಯದ ಒಮಾಹಾಗೆ ಬಂದು ಆರು ವರ್ಷ ಆಯ್ತು, ಬಂದ ಹೊಸದ್ರಲ್ಲಿ ಶನಿವಾರ ಆದ್ರೆ ಊರಿಗೆ ಊರೇ ಕೆಂಪು ಬಟ್ಟೆ ಹಾಕ್ಕೊಂಡು ಲಿಂಕನ್ ಕಡೆ ಹೊರಡೋದು ನೋಡಿ ಏನಪ್ಪಾ ಇದು ಜಾತ್ರೆ ಅಂದ್ಕೊಂಡಿದ್ದೆ. ಅಲ್ಲಿನ ನೆಬ್ರಾಸ್ಕಾ ಯೂನಿವರ್ಸಿಟಿ ಟೀಮಿನ ಸ್ಟೇಡಿಯಂ 1962ರಿಂದ ಇವತ್ತಿನವರೆಗೂ ಪ್ರತಿ ಹೋಮ್ ಮ್ಯಾಚ್ ಹೌಸ್‌ಫುಲ್. ಟೀಮ್ ಸೋಲ್ಲಿ ಗೆಲ್ಲಲಿ, ಜನ ಮಾತ್ರ ಹೋಗ್ತಾನೇ ಇರ್ತಾರೆ. ನಿಧಾನಕ್ಕೆ ನಂಗೂ ಹುಚ್ಚು ಹಿಡೀತು, ಅದರಲ್ಲೂ 1971ರ ಸೀಸನ್ ಹುಚ್ಚು.

ಅದಕ್ಕೇ ಆನ್‌ಲೈನ್‌ನಲ್ಲಿ ಈ ಜೆರ್ಸಿ ಕಂಡ ತಕ್ಷಣ ಆರ್ಡರ್ ಮಾಡ್ದೆ. ಅಂಗಡಿ ಹೆಸರು ಬೇಡ ಬಿಡಿ. '1971ರ ಥ್ಯಾಂಕ್ಸ್‌ಗಿವಿಂಗ್ ದಿನ ಒಕ್ಲಹೋಮಾ ವಿರುದ್ಧ ಜೆಫ್ ಕಿನ್ನಿ ಹಾಕಿದ್ದ ಜೆರ್ಸಿಯ ಪಕ್ಕಾ ನಕಲು' ಅಂತ ಬರ್ದಿದ್ರು (ಥ್ಯಾಂಕ್ಸ್‌ಗಿವಿಂಗ್ ಅಂದ್ರೆ ಇಲ್ಲಿನ ನವೆಂಬರ್ ಹಬ್ಬ, ಕಿನ್ನಿ ಅಂದ್ರೆ ನೆಬ್ರಾಸ್ಕಾದ 35 ನಂಬರ್ ಆಟಗಾರ), ಫೋಟೋದಲ್ಲಿ ಬರೀ 35 ನಂಬರ್ ಹತ್ತಿರದಿಂದ ತೋರಿಸಿದ್ರು. ಶಿಪ್ಪಿಂಗ್ ಸೇರಿ 84 ಡಾಲರ್. ಹನ್ನೆರಡು ದಿನ ಆದ್ಮೇಲೆ ಬಂತು, ಕವರ್ ಬಿಚ್ಚಿದ್ರೆ ಕೆಂಪು ಜೆರ್ಸಿ!

ಅಲ್ಲ ಸ್ವಾಮಿ, ಆ ಮ್ಯಾಚ್ ನಡೆದಿದ್ದು ಒಕ್ಲಹೋಮಾದವರ ಊರು ನಾರ್ಮನ್‌ನಲ್ಲಿ. ಅವರದ್ದು ಹೋಮ್ ಗ್ರೌಂಡು, ಕೆಂಪು ಅವರು ಹಾಕಿದ್ರು, ನೆಬ್ರಾಸ್ಕಾದವರು ಹಾಕಿದ್ದು ಬಿಳಿ. ಫೋಟೋಗಳೇನು ಒಂದಾ ಎರಡಾ, ಎಲ್ಲಿ ಹುಡುಕಿದ್ರೂ ಸಿಗುತ್ತೆ. ಕಸ್ಟಮರ್ ಕೇರ್‌ಗೆ ಚಾಟ್‌ನಲ್ಲಿ ಹೇಳಿದ್ರೆ ಆ ಪುಣ್ಯಾತ್ಮ 'ಸರ್, ಟೀಮ್ ಕಲರ್ ರೆಡ್ ಅಲ್ವಾ' ಅಂತ ನಂಗೇ ಪಾಠ ಮಾಡ್ದ. ಆಮೇಲೆ ಮುಂದಿನ ಆರ್ಡರ್‌ಗೆ 20 ಪರ್ಸೆಂಟ್ ಕೂಪನ್ ಕೊಟ್ರು. ಇನ್ನೊಂದು ತಪ್ಪು ಜೆರ್ಸಿ ತಗೊಳಕ್ಕಾ?

ಇಷ್ಟಕ್ಕೆ ಯಾಕೆ ಇಷ್ಟು ಉರ್ಕೋತೀಯಾ ಅಂತ ನನ್ನ ಹೆಂಡತೀನೂ ಕೇಳಿದ್ಲು. ಆ ಜೆರ್ಸಿ ಕಥೆ ಗೊತ್ತಿದ್ರೆ ಕೇಳ್ತಿರ್ಲಿಲ್ಲ. ಆ ಕಾಲದಲ್ಲಿ ಓಡೋ ಆಟಗಾರರಿಗೆ ಬೇಕಂತಲೇ ತೆಳು ಬಟ್ಟೆ ಜೆರ್ಸಿ ಕೊಡೋರು, ಎದುರಾಳಿ ಹಿಡ್ಕೊಂಡ್ರೆ ಬಟ್ಟೆ ಮಾತ್ರ ಅವನ ಕೈಗೆ ಬರ್ಬೇಕು, ಇವನು ಮುಂದೆ ಓಡ್ಬೇಕು (ಆಮೇಲೆ ಅದನ್ನ ಬ್ಯಾನ್ ಮಾಡಿದ್ರು). ಕಿನ್ನಿ ಮೆಕ್‌ಕುಕ್ ಅನ್ನೋ ಸಣ್ಣ ಊರಿನ ಹೈಸ್ಕೂಲಲ್ಲಿ ಆಡಿ ಬಂದ ಹುಡುಗ. ಅವತ್ತು ಎಳೆದಾಡಿ ಎಳೆದಾಡಿ ಮ್ಯಾಚ್ ಮುಗಿಯೋ ಹೊತ್ತಿಗೆ ಅವನ ಜೆರ್ಸಿ ಚಿಂದಿ ಚಿಂದಿ, ಒಳಗಿನ ಶೋಲ್ಡರ್ ಪ್ಯಾಡ್ ಕಾಣ್ತಿತ್ತು. ನಾಲ್ಕು ಟಚ್‌ಡೌನ್ ಹೊಡೆದಿದ್ದ, ಅಂದ್ರೆ ನಾಲ್ಕು ಸಲ ಚೆಂಡನ್ನ ಎದುರಾಳಿಯ ಕೊನೆ ಗೆರೆ ದಾಟಿಸಿದ್ದ.

ಮ್ಯಾಚ್ ಬಗ್ಗೆ ಹೇಳದೆ ರಿವ್ಯೂ ಮುಗಿಸಕ್ಕೆ ನನ್ನ ಕೈಲಾಗಲ್ಲ. 1971 ನವೆಂಬರ್ 25, ನೆಬ್ರಾಸ್ಕಾ ನಂಬರ್ 1, ಒಕ್ಲಹೋಮಾ ನಂಬರ್ 2, ಇಬ್ರೂ ಆ ವರ್ಷ ಒಂದು ಮ್ಯಾಚೂ ಸೋತಿರ್ಲಿಲ್ಲ. ಒಕ್ಲಹೋಮಾದವರು ವಿಶ್‌ಬೋನ್ ಅಂತ ಆಡೋರು, ಪಾಸ್ ಕಮ್ಮಿ, ಚೆಂಡು ಹಿಡ್ಕೊಂಡು ನುಗ್ಗೋದೇ ಜಾಸ್ತಿ, ಜ್ಯಾಕ್ ಮಿಲ್ಡ್ರೆನ್ ಕ್ವಾರ್ಟರ್‌ಬ್ಯಾಕ್ (ಆಟ ನಡೆಸೋನು, ಚೆಂಡು ಎಸೆಯೋನು, ಹಂಚೋನು), ಪಕ್ಕದಲ್ಲಿ ಗ್ರೆಗ್ ಪ್ರುಯಿಟ್, ಆ ಸೀಸನ್‌ನಲ್ಲಿ ಬರೀ ಓಟದಲ್ಲೇ ಮ್ಯಾಚಿಗೆ ಸರಾಸರಿ 472 ಯಾರ್ಡ್, ತಮಾಷೆನಾ? ಆದ್ರೆ ಶುರುನಲ್ಲೇ ನಮ್ಮ ಒಮಾಹಾ ಹುಡುಗ ಜಾನಿ ರಾಜರ್ಸ್ ಒಂದು ಪಂಟ್, ಅಂದ್ರೆ ಎದುರಾಳಿ ಕಾಲಲ್ಲಿ ಒದ್ದು ಕಳಿಸಿದ ಚೆಂಡನ್ನ, ಹಿಡ್ದು 72 ಯಾರ್ಡ್ ಓಡಿ ಟಚ್‌ಡೌನ್ ಮಾಡ್ಬಿಟ್ಟ. ವಿಡಿಯೋ ನೋಡಿ, ಮೊದಲನೇ ಹೆಜ್ಜೆಯಲ್ಲೇ ಸಿಕ್ಕಿಬಿದ್ದ ಅನ್ಸುತ್ತೆ, ಕೈ ನೆಲಕ್ಕೆ ಊರಿ ತಿರುಗಿ ಹೆಂಗೋ ನುಣುಚ್ಕೋತಾನೆ. ಹಾಫ್‌ಟೈಮ್‌ಗೆ ಒಕ್ಲಹೋಮಾ 17-14 ಮುಂದೆ. ಮೂರನೇ ಕ್ವಾರ್ಟರ್‌ನಲ್ಲಿ ನೆಬ್ರಾಸ್ಕಾ 28-17. ಮತ್ತೆ ಅವರು 31-28. ಕೊನೇಲಿ ಏಳು ನಿಮಿಷ ಚಿಲ್ಲರೆ ಇದ್ದಾಗ ನೆಬ್ರಾಸ್ಕಾ ಕ್ವಾರ್ಟರ್‌ಬ್ಯಾಕ್ ಜೆರ್ರಿ ಟ್ಯಾಗಿ 74 ಯಾರ್ಡ್ ದೂರದಿಂದ ಶುರು ಮಾಡ್ದ, ಮಧ್ಯೆ ಒಂದ್ಸಲ ಚೆಂಡು ತಮ್ಮ ಕೈಲೇ ಉಳಿಸ್ಕೊಳಕ್ಕೆ ಇನ್ನೂ 8 ಯಾರ್ಡ್ ಬೇಕಿತ್ತು, ಮುರೀತು ಕಥೆ ಅನ್ನೋವಾಗ ತಪ್ಪಿಸ್ಕೊಂಡು ರಾಜರ್ಸ್‌ಗೆ ಎಸೆದ, ಅವನು ಬಗ್ಗಿ ಹಿಡ್ದ. ಅಲ್ಲಿಂದ ಹರಿದ ಜೆರ್ಸಿಯ ಕಿನ್ನಿಗೇ ಚೆಂಡು ಕೊಟ್ಟೂ ಕೊಟ್ಟೂ 1 ನಿಮಿಷ 38 ಸೆಕೆಂಡ್ ಬಾಕಿ ಇದ್ದಾಗ ಒಳಗೆ ನುಗ್ಗಿಸಿದ್ರು. 35-31. ಇಷ್ಟು ಜಿದ್ದಾಜಿದ್ದಿ ಮ್ಯಾಚಲ್ಲಿ ಒಟ್ಟು ಪೆನಾಲ್ಟಿ ಎಷ್ಟು ಗೊತ್ತಾ, ಒಂದೇ ಒಂದು, ಅದೂ 5 ಯಾರ್ಡಿಂದು.

ಮಿಕ್ಕ ಸೀಸನ್ ಹೆಂಗಿತ್ತು ಅಂದ್ರೆ ಒನ್‌ಸೈಡೆಡ್. ಮಿಸೌರಿಗೆ 36-0, ಕನ್ಸಾಸ್‌ಗೆ 55-0, ಅಯೋವಾ ಸ್ಟೇಟ್‌ಗೆ 37-0. ಹೊಸ ವರ್ಷದ ದಿನ ಸೀಸನ್ ಕೊನೆಯ ಮ್ಯಾಚ್ ಆರೆಂಜ್ ಬೌಲ್‌ನಲ್ಲಿ ಬೇರ್ ಬ್ರಯಂಟ್ ಕೋಚ್ ಆಗಿದ್ದ ಅಲಬಾಮಾ, ಅದೂ ಸೋಲದೇ ಬಂದ ಟೀಮು, ಅದನ್ನ 38-6ಕ್ಕೆ ಚಚ್ಚಿ ಹಾಕಿ 13-0, ಹದಿಮೂರಕ್ಕೆ ಹದಿಮೂರೂ ಗೆಲುವು. ಪತ್ರಕರ್ತರ ವೋಟಿಂದ ಮಾಡೋ ಎಪಿ ರ್‍ಯಾಂಕಿಂಗ್‌ನ ಕೊನೆಯ ಪಟ್ಟಿಯಲ್ಲಿ ನೆಬ್ರಾಸ್ಕಾ, ಒಕ್ಲಹೋಮಾ, ಕೊಲೊರಾಡೋ ಅಂತ ಮೊದಲ ಮೂರೂ ಒಂದೇ ಬಿಗ್ ಎಯ್ಟ್ ಕಾನ್ಫರೆನ್ಸ್‌ನವು (ಎಂಟು ಯೂನಿವರ್ಸಿಟಿ ಟೀಮ್‌ಗಳ ಗುಂಪು). ಕೋಚ್ ಬಾಬ್ ಡೆವೇನಿ ಇನ್ನೊಂದು ಸೀಸನ್ ಮಾಡಿ ಟೀಮನ್ನ ಟಾಮ್ ಆಸ್ಬರ್ನ್ ಕೈಗೆ ಕೊಟ್ರು.

ಸರಿ, ಬಟ್ಟೆ ವಿಷಯ. ಪಾಲಿಯೆಸ್ಟರ್, ದಪ್ಪ, ಹೊಲಿಗೆ ಗಟ್ಟಿ. ಎಕ್ಸ್‌ಎಲ್ ಅಂದ್ರೆ ನಿಜವಾದ ಎಕ್ಸ್‌ಎಲ್, ಒಳಗೊಂದು ಸ್ವೆಟರ್ ಹಾಕ್ಕೊಂಡ್ರೂ ಬಿಗಿಯಲ್ಲ, ಇಲ್ಲಿನ ನವೆಂಬರ್ ಚಳಿಗೆ ಅದು ಬೇಕೇ ಬೇಕು. ಹರಿಯಕ್ಕೇ ಅಂತ ಮಾಡಿದ್ದ ಜೆರ್ಸಿಯ ನಕಲು ಇದು, ಇದನ್ನ ಎತ್ತು ಕಟ್ಟಿ ಎಳೆದ್ರೂ ಹರಿಯಲ್ಲ. ನಂಬರ್ ಮಾತ್ರ ಹೊಲಿದಿಲ್ಲ, ಇಸ್ತ್ರಿ ಹಾಕಿ ಅಂಟಿಸಿರೋ ಪ್ಲಾಸ್ಟಿಕ್ ಹಾಳೆ. ಪುಟದಲ್ಲಿ 'ಸ್ಟಿಚ್ಡ್' ಅಂತ ಇತ್ತು, ಸ್ಕ್ರೀನ್‌ಶಾಟ್ ಇದೆ ನನ್ನ ಹತ್ರ. ಎರಡನೇ ವಾಶ್‌ಗೆ 5ರ ಕೆಳಗಿನ ಹೊಟ್ಟೆ ಎದ್ದು ಬಂತು, ಉಗುರಲ್ಲಿ ಎಳೆದ್ರೆ ಹಪ್ಪಳದ ಥರ ಸುರುಳಿ ಸುತ್ಕೊಳುತ್ತೆ. ಜೊತೆಗೆ ಬಣ್ಣ ಬಿಟ್ಟು ನನ್ನ ಎರಡು ಬನಿಯನ್ ಗುಲಾಬಿ. ರಿಟರ್ನ್ ಮಾಡೋಣ ಅಂದ್ರೆ ಒಗೆದಿದ್ದನ್ನ ವಾಪಸ್ ತಗೊಳಲ್ವಂತೆ.

ತಗೊಳೋರಿದ್ರೆ ಇಷ್ಟು ನೋಡ್ಕೊಳಿ: ನಾರ್ಮನ್ ಮ್ಯಾಚಿಂದು ಅಂದ್ರೆ ಬಿಳಿ ಇರ್ಬೇಕು, ನಂಬರ್ ಹೊಲಿದಿರ್ಬೇಕು, ಹಿಂದೆ ಮುಂದೆ ಎರಡೂ ಕಡೆ ಪೂರ್ತಿ ಫೋಟೋ ಕೇಳಿ.

ಪಕ್ಕದ ಮನೆ ತಾತನಿಗೆ ಎಂಬತ್ತರ ಹತ್ತಿರ, ಆ ಮ್ಯಾಚ್ ಟಿವಿಯಲ್ಲಿ ನೋಡ್ತಾ ಥ್ಯಾಂಕ್ಸ್‌ಗಿವಿಂಗ್ ಊಟ ಆರಿ ತಣ್ಣಗಾಗಿತ್ತಂತೆ, ಮನೇಲಿ ಒಬ್ರೂ ಎದ್ದಿಲ್ವಂತೆ. ನನ್ನ ಜೆರ್ಸಿ ನೋಡಿ ಮೊದ್ಲು ಬಣ್ಣಕ್ಕೆ ನಕ್ರು. ಆಮೇಲೆ ಜೋತು ಬಿದ್ದಿದ್ದ 5ನ್ನ ಬೆರಳಲ್ಲಿ ಎತ್ತಿ ನೋಡಿ, ಇದನ್ನ ಅಂಟಿಸ್ಬೇಡ, ಹಿಂಗೇ ಹಾಕ್ಕೋ, ಅವತ್ತು ಕಿನ್ನಿದು ಇದಕ್ಕಿಂತ ಕೆಟ್ಟದಾಗಿತ್ತು ಅಂದ್ರು.