ಕುಕಿಯೊಳಗೆ ಮೋಚಿ: ಹಬೆಯೋ, ಬಾಣಲೆಯೋ, ಮೈಕ್ರೊವೇವೋ?

ಮೋಚಿ ಎಂದರೆ ಅಂಟಕ್ಕಿಯಿಂದ ಮಾಡುವ, ಜಗಿದರೆ ಎಳೆದುಕೊಳ್ಳುವ ಜಪಾನಿನ ತಿನಿಸು. ಅದನ್ನು ತುಂಬಿದ ಕುಕಿ ಓವನ್‌ನಿಂದ ಈಗಷ್ಟೇ ಹೊರಬಂದಿದ್ದರೆ, ಒಳಗಿನ ಮೋಚಿಯನ್ನು ಹೇಗೆ ಬೇಯಿಸಿದ್ದರೂ ರುಚಿಯಾಗಿಯೇ ಇರುತ್ತದೆ. ಮುರಿದರೆ ಒಳಗಿನ ಹೂರಣ ಉದ್ದಕ್ಕೆ ಎಳೆದುಕೊಂಡು ಬರುತ್ತದೆ. ಫೋಟೊಗಳೆಲ್ಲ ಆ ಹೊತ್ತಿನವೇ. ಅದೇ ಕುಕಿಯನ್ನು ಮರುದಿನ ಬೆಳಿಗ್ಗೆ ಕಚ್ಚಿ ನೋಡಿ, ಆಗ ಬಣ್ಣ ಬಯಲಾಗುತ್ತದೆ. ಒಂದು ಹಲ್ಲಿಗೆ ಮೆತ್ತಗೆ ಸಿಗುತ್ತದೆ, ಇನ್ನೊಂದು ರಬ್ಬರ್, ಮತ್ತೊಂದು ಕಲ್ಲು. ಹಾಗಾಗಿ ಇಲ್ಲಿ ನಾನು ಅಂಕ ಕೊಟ್ಟಿರುವುದು ಮರುದಿನದ ಕುಕಿಗೆ.

ಹೋಲಿಕೆ ನ್ಯಾಯವಾಗಿರಲಿ ಎಂದು ಹೂರಣದ ಅಳತೆ ಎಲ್ಲದಕ್ಕೂ ಒಂದೇ ಇಟ್ಟುಕೊಂಡೆ: ಅಂಟಕ್ಕಿ ಹಿಟ್ಟು 100 ಗ್ರಾಂ, ಸಕ್ಕರೆ 60 ಗ್ರಾಂ, ಹಾಲು 170 ಮಿ.ಲೀ., ಬೆಂದ ಮೇಲೆ ಸೇರಿಸಲು ಬೆಣ್ಣೆ 15 ಗ್ರಾಂ. ಹೊರಗಿನ ಕಣಕ ಮಾಮೂಲಿ ಚಾಕೊಲೇಟ್ ಚಿಪ್ ಕುಕಿಯದು. ಒಂದು ಕುಕಿಗೆ 45 ಗ್ರಾಂ ಕಣಕ, 15 ಗ್ರಾಂ ಹೂರಣ. ಓವನ್ 175 ಡಿಗ್ರಿ ಸೆಲ್ಸಿಯಸ್, 12 ನಿಮಿಷ.

ಹಿಟ್ಟಿನ ವಿಷಯದಲ್ಲಿ ರಾಜಿ ಇಲ್ಲ. ಮಾಮೂಲಿ ಅಕ್ಕಿ ಹಿಟ್ಟಿನಲ್ಲಿ ಇದು ಆಗುವುದಿಲ್ಲ. ಅದರ ಪಿಷ್ಟದಲ್ಲಿರುವ ಅಮೈಲೋಸ್ ಆರಿದ ಕೂಡಲೇ ಬಿಗಿದುಕೊಳ್ಳುತ್ತದೆ. ಅಂಟಕ್ಕಿಯಲ್ಲಿ ಅಮೈಲೋಸ್ ಇಲ್ಲವೆನ್ನುವಷ್ಟು ಕಡಿಮೆ, ಹೆಚ್ಚುಕಡಿಮೆ ಪೂರ್ತಿ ಪಿಷ್ಟದ ಇನ್ನೊಂದು ಬಗೆಯಾದ ಅಮೈಲೋಪೆಕ್ಟಿನ್. ಆ ಎಳೆತ ಬರುವುದು ಅದರಿಂದಲೇ. ಗೋಧಿ ಹಿಟ್ಟಿಗೆ ಜಿಗುಟು ಕೊಡುವ ಗ್ಲುಟೆನ್‌ಗೂ ಈ ಅಂಟಿಗೂ ಸಂಬಂಧವಿಲ್ಲ, ಅಂಟಕ್ಕಿಯಲ್ಲಿ ಗ್ಲುಟೆನ್ ಇಲ್ಲವೇ ಇಲ್ಲ. ಜಪಾನಿನ ಅಂಟಕ್ಕಿ ಹಿಟ್ಟುಗಳಲ್ಲಿ ಮೋಚಿಕೊ ನುಣ್ಣನೆಯ ಪುಡಿ. ಶಿರಾತಮಾಕೊ ನೀರಿನಲ್ಲಿ ರುಬ್ಬಿ ಒಣಗಿಸಿದ್ದು, ಹರಳು ಹರಳಾಗಿರುತ್ತದೆ. ಶಿರಾತಮಾಕೊದ ಹೂರಣ ಹೆಚ್ಚು ನಯವಾಗಿ ಬಂತು, ನಿಜ. ಆದರೆ ಚಾಕೊಲೇಟ್ ತುಂಬಿದ ಕಣಕದ ಒಳಗೆ ಕುಳಿತ ಮೇಲೆ ಆ ನಯವನ್ನು ಗುರುತಿಸುವವರು ಯಾರು? ಮೋಚಿಕೊ ಸಾಕು.

ಈಗ ಬೇಯಿಸುವ ಬಗೆ. ಮೈಕ್ರೊವೇವ್ ಎಲ್ಲಕ್ಕಿಂತ ಬೇಗ: ಒಂದು ನಿಮಿಷ ಬೇಯಿಸಿ ಕಲಕುವುದು, ಮತ್ತೊಂದು ನಿಮಿಷ ಬೇಯಿಸಿ ಕಲಕುವುದು, ಕೊನೆಗೆ ಅರ್ಧ ನಿಮಿಷ. ತೊಂದರೆ ಇರುವುದು ಬಟ್ಟಲಿನ ಅಂಚಿನಲ್ಲಿ. ನಡುವೆ ಇನ್ನೂ ಬೆಳ್ಳಗೆ ಹಸಿ ಹಿಟ್ಟಿರುವಾಗಲೇ ಅಂಚು ಉಬ್ಬಿ, ನೀರಾರಿ, ಗಟ್ಟಿ ಚರ್ಮವಾಗಿರುತ್ತದೆ. ಕಲಕಿದಾಗ ಆ ಚರ್ಮ ಚೂರುಚೂರಾಗಿ ಹೂರಣದೊಳಗೇ ಸೇರುತ್ತದೆ. ಬಿಸಿಯಲ್ಲಿ ಗೊತ್ತಾಗದು, ಮರುದಿನ ಮೆತ್ತನೆಯ ನಡುವೆ ಗಂಟುಗಳು ಹಲ್ಲಿಗೆ ಸಿಗುತ್ತವೆ. ನಾಲ್ಕಾರು ಕುಕಿ ಮಾಡಿ ಅವತ್ತೇ ಖಾಲಿ ಮಾಡುವವರು ಧಾರಾಳವಾಗಿ ಮೈಕ್ರೊವೇವ್ ಹಿಡಿಯಲಿ.

ಬಾಣಲೆಯದು ತೋಳಿಗೆ ಕೆಲಸ. ಸಣ್ಣ ಉರಿಯಲ್ಲಿ ಅಂಟದ ಬಾಣಲೆಯಿಟ್ಟು ಎಂಟು ಹತ್ತು ನಿಮಿಷ ಕೈಬಿಡದೆ ತಿರುವಬೇಕು. ಮೊದಲು ತಳದಲ್ಲಿ ಗಂಟು ಕಟ್ಟುತ್ತದೆ, ಕೆಟ್ಟೇಹೋಯಿತೇನೋ ಅನ್ನಿಸುತ್ತದೆ. ತಿರುವುತ್ತಲೇ ಇದ್ದರೆ ಗಂಟುಗಳೆಲ್ಲ ಕೂಡಿಕೊಂಡು ಒಂದೇ ಮುದ್ದೆಯಾಗಿ ಬಾಣಲೆ ಬಿಡುತ್ತದೆ, ಬಿಳಿ ಬಣ್ಣ ಹೋಗಿ ಮಸುಕು ಗಾಜಿನ ಹೊಳಪು ಬರುತ್ತದೆ. ಇಷ್ಟರಲ್ಲಿ ಸಾಕಷ್ಟು ನೀರು ಹಾರಿಹೋಗಿರುವುದರಿಂದ ಹೂರಣ ಬಿಗಿಯಾಗಿರುತ್ತದೆ. ಉಂಡೆ ಕಟ್ಟಲು ಸುಲಭ, ಓವನ್‌ನಲ್ಲಿ ಕಣಕ ಒಡೆದು ಹೊರಗೆ ಉಕ್ಕುವುದೂ ಅಪರೂಪ. ಹೂರಣದ ನೀರು ಆವಿಯಾಗಿ, ಇನ್ನೂ ಹಸಿಯಾಗಿರುವ ಕಣಕವನ್ನು ತಳ್ಳುವುದರಿಂದಲೇ ಕುಕಿ ಬಾಯಿಬಿಡುವುದು. ನೀರು ಕಡಿಮೆಯಾದಷ್ಟೂ ತಳ್ಳುವುದು ಕಡಿಮೆ. ಅದೇ ಕಾರಣಕ್ಕೆ ಮರುದಿನ ಸ್ವಲ್ಪ ಬಿರುಸು. ರಬ್ಬರ್ ಅನ್ನುವಷ್ಟಲ್ಲ, ಆದರೂ ಎರಡು ಸಲ ಹೆಚ್ಚಿಗೆ ಜಗಿಯಬೇಕು.

ಹಬೆಗೇ ನನ್ನ ಮತ. ಹಿಟ್ಟು, ಸಕ್ಕರೆ, ಹಾಲು ಕಲಸಿ ಜರಡಿಯಲ್ಲಿ ಸೋಸಿ, ಅಗಲ ತಟ್ಟೆಗೆ ಸುರಿದು 20 ನಿಮಿಷ ಹಬೆಯಲ್ಲಿಟ್ಟರೆ ಮುಗಿಯಿತು. ಮುಚ್ಚಳಕ್ಕೆ ಬಟ್ಟೆ ಕಟ್ಟಿರಬೇಕು, ಇಲ್ಲದಿದ್ದರೆ ಮೇಲಿಂದ ಹನಿ ಬಿದ್ದು ಅಲ್ಲಲ್ಲಿ ನೀರು ನಿಲ್ಲುತ್ತದೆ. ಅಂಚು, ನಡು ಎಲ್ಲ ಒಂದೇ ಹದದಲ್ಲಿ ಬೇಯುತ್ತದೆ. ಬಿಸಿ ಇರುವಾಗಲೇ ಬೆಣ್ಣೆ ಹಾಕಿ, ಕೈಗವಸು ತೊಟ್ಟು ನಾದಬೇಕು. ಮೊದಲು ಬೆಣ್ಣೆ ಒಂದು ಕಡೆ, ಹೂರಣ ಒಂದು ಕಡೆ ಜಾರಾಡುತ್ತದೆ. ಎಳೆದು ಮಡಚಿ, ಎಳೆದು ಮಡಚಿ ಮಾಡುತ್ತಿದ್ದರೆ ಜಿಡ್ಡು ಪೂರ್ತಿ ಒಳಗೆ ಹೋಗಿ ಕೈಗೆ ಅಂಟುವುದು ನಿಲ್ಲುತ್ತದೆ. ಮರುದಿನವೂ ಅದೇ ಮೆದು. ದೋಷವಿಲ್ಲವೆಂದಲ್ಲ: 170 ಮಿ.ಲೀ. ಹಾಲಿಗೆ ಹೂರಣ ತುಸು ಸಡಿಲ, ಕಣಕ ತೆಳುವಾದ ಕಡೆ ಹೊರಗೆ ಇಣುಕುತ್ತದೆ. ಹಾಲನ್ನು 150ಕ್ಕೆ ಇಳಿಸಿದರೆ ಅದೂ ಸರಿಹೋಗುತ್ತದೆ.

ಇಷ್ಟೆಲ್ಲ ಯಾಕೆ, ಕತ್ತರಿಸಿ ಮಾರುವ ಗಟ್ಟಿ ಮೋಚಿ, ಅಂದರೆ ಸಿದ್ಧ ಕಿರಿಮೋಚಿ ತುಂಡನ್ನೇ ಒಳಗಿಟ್ಟರಾಯಿತಲ್ಲ ಅನ್ನುವವರಿದ್ದಾರೆ. ಇಟ್ಟು ನೋಡಿದ್ದೇನೆ. ಬಿಸಿಯಲ್ಲಿ ಅದರ ಎಳೆತಕ್ಕೆ ಸಾಟಿಯಿಲ್ಲ. ತಣ್ಣಗಾದರೆ ಹಲ್ಲು ಜೋಪಾನ. ಅದು ಸಕ್ಕರೆ ಇಲ್ಲದ ಬರೀ ಅಂಟಕ್ಕಿ. ಸಕ್ಕರೆ ನೀರನ್ನು ಹಿಡಿದಿಟ್ಟುಕೊಂಡು ಪಿಷ್ಟ ಮತ್ತೆ ಗಟ್ಟಿಯಾಗುವುದನ್ನು ತಡೆಹಿಡಿಯುತ್ತದೆ. ಜಪಾನಿನ ಸಿಹಿ ತಿನಿಸುಗಳಲ್ಲಿ ಬಳಸುವ ಗ್ಯೂಹಿ ಎಂಬ ಮೆದು ಮೋಚಿ ದಿನಗಟ್ಟಲೆ ಮೆತ್ತಗಿರುವುದು ಅದರಲ್ಲಿರುವ ಧಾರಾಳ ಸಕ್ಕರೆಯಿಂದಲೇ. ಸಿಹಿ ಜಾಸ್ತಿಯಾಯಿತು ಅನ್ನಿಸಿದರೆ ಕಣಕದ ಸಕ್ಕರೆ ಕಡಿಮೆ ಮಾಡಿ, ಹೂರಣದ್ದಕ್ಕೆ ಕೈ ಹಾಕಬೇಡಿ.

ತುಂಬುವ ಮುಂಚೆ ಉಂಡೆಗಳನ್ನು ಫ್ರೀಜರ್‌ನಲ್ಲಿ ಅರ್ಧ ಗಂಟೆ ಇಡುವುದಕ್ಕೂ ಹಾಗೇ ತುಂಬುವುದಕ್ಕೂ ಅಜಗಜಾಂತರ. ಹಾಗೇ ತುಂಬಿದರೆ ಹೂರಣ ಬೆರಳಿಗೂ ಕಣಕಕ್ಕೂ ಅಂಟಿ, ಅಂಚು ಕೂಡಿಸಿದ ಕಡೆಯಲ್ಲೇ ಬಾಯಿಬಿಡುತ್ತದೆ. ತಣ್ಣನೆಯ ಉಂಡೆಗೆ ಕಣಕ ಸಲೀಸಾಗಿ ಮುಚ್ಚಿಕೊಳ್ಳುತ್ತದೆ.

ಗರಿಗರಿ ಕುಕಿ ಇದಕ್ಕೆ ಹೊಂದುವುದಿಲ್ಲ. ಒಣಗಿದ ಕುಕಿ ಹೂರಣದ ನೀರನ್ನು ಹೀರಿಕೊಳ್ಳುತ್ತದೆ: ರಾತ್ರಿ ಕಳೆಯುವಷ್ಟರಲ್ಲಿ ಹೊರಗಿನ ಗರಿಯೂ ಹೋಗಿರುತ್ತದೆ, ಒಳಗಿನ ಮೆದುವೂ ಹೋಗಿರುತ್ತದೆ. ಕಂದು ಸಕ್ಕರೆ ಹೆಚ್ಚು ಹಾಕಿದ ಮೆತ್ತನೆಯ ಕಣಕದಲ್ಲಿ ಈ ಜಗಳವಿಲ್ಲ.

ಉಳಿದ ಕುಕಿಯನ್ನು ಫ್ರಿಜ್‌ನಲ್ಲಿಟ್ಟರೆ ಹಬೆಯದೂ ಬಾಣಲೆಯದೂ ಒಂದೇ ಗತಿ. ಪಿಷ್ಟ ಬೇಗ ಗಟ್ಟಿಯಾಗುವುದು ಆ ತಂಪಿನಲ್ಲೇ. ಗಾಳಿಯಾಡದ ಡಬ್ಬಿಯಲ್ಲಿ ಹಾಕಿ ಹೊರಗಿಟ್ಟು ಮರುದಿನಕ್ಕೆ ಮುಗಿಸಿ, ಇಲ್ಲವೇ ನೇರ ಫ್ರೀಜರ್‌ಗೆ ಹಾಕಿ. ಫ್ರೀಜರ್‌ನಿಂದ ತೆಗೆದದ್ದನ್ನು ತಣುಪು ಹೋಗುವವರೆಗೆ ಹೊರಗೆ ಬಿಟ್ಟು, ತಿನ್ನುವ ಮುಂಚೆ ಮೈಕ್ರೊವೇವ್‌ನಲ್ಲಿ ಹತ್ತು ಸೆಕೆಂಡ್ ಇಟ್ಟರೆ ಎಳೆತ ಮರಳಿ ಬರುತ್ತದೆ. ನಾನಂತೂ ಈಗ ತುಂಬಿದ ಹಸಿ ಕುಕಿಗಳನ್ನೇ ಫ್ರೀಜರ್‌ನಲ್ಲಿಟ್ಟುಕೊಂಡು, ಬೇಕಾದಾಗ ಬೇಕಾದಷ್ಟನ್ನೇ ಓವನ್‌ಗೆ ಹಾಕುತ್ತೇನೆ, ಎರಡು ನಿಮಿಷ ಹೆಚ್ಚಿಗೆ ಕೊಟ್ಟು.